ಗೊಂಜಾಳದ ದರಕ್ಕೆ ಮುಚ್ಚಳ ಐತಿ, ತಳ ಇಲ್ಲ

ದಾವಣಗೆರೆ ಕಡೆ ಅದು ಮೆಕ್ಕೆಜೋಳ, ಮೈಸೂರು ಸೀಮೆಯಲ್ಲಿ ಮುಸುಕಿನ ಜೋಳ. ಘಟಪ್ರಭೆಯ ದಂಡೆಗೆ ಬಂದರೆ ಗೋವಿನಜೋಳ, ಬಾಯಿಮಾತಿನಲ್ಲಿ ಗೊಂಜಾಳ. ಬರೀ ಜೋಳ ಎಂದರೆ ರೊಟ್ಟಿಯ ಜೋಳ ಎಂದೇ ಅರ್ಥವಾಗುವ ಸೀಮೆ ಇದು. ಮೆಕ್ಸಿಕೊ ಕಡೆಯಿಂದ ಶತಮಾನಗಳ ಹಿಂದೆ ಬಂದ ಈ ಕಾಳಿಗೆ ಹಿರಿಯರು ಇಟ್ಟ ಹೆಸರಿನಲ್ಲೇ ಅದರ ಜಾಗ ಗೊತ್ತಾಗುತ್ತದೆ. ಮನುಷ್ಯರ ಗಂಗಾಳಕ್ಕಲ್ಲ, ದನದ ಗ್ವಾದಲಿಗೆ. ಮಳೆಗಾಲದಲ್ಲಿ ಹಸಿ ತೆನೆ ಸುಟ್ಟು ತಿನ್ನುವುದು ಬಿಟ್ಟರೆ, ಗೋಕಾಕ, ಮೂಡಲಗಿ, ಹುಕ್ಕೇರಿಯ ಮನೆಗಳಲ್ಲಿ ಇದು ಅಡುಗೆಮನೆಗೆ ಹೋಗುವ ಕಾಳಲ್ಲ. ಹೊಲದಿಂದ ಕಣಕ್ಕೆ, ಕಣದಿಂದ ಚೀಲಕ್ಕೆ, ಚೀಲದಿಂದ ಲಾರಿಗೆ ಹೋಗುವ ಕಾಳು.

ದೀಪಾವಳಿ ಮುಗಿದ ಮೇಲೆ ಹತ್ತರಗಿಯಿಂದ ಸಂಕೇಶ್ವರದ ಕಡೆ ಹೆದ್ದಾರಿಯಲ್ಲಿ ಹೋದವರಿಗೆ ಈ ಲಾರಿಯ ಹಿಂದಿನ ಕಥೆ ಕಾಣುತ್ತದೆ. ಪಕ್ಕದ ರಸ್ತೆಯ ಡಾಂಬರಿನ ಮೇಲೆ ಹಳದಿ ಕಾಳು ಹರಡಿರುತ್ತದೆ. ರಾಶಿ ಮಷೀನಿನಿಂದ ಬಂದ ಕಾಳಿನಲ್ಲಿ ಹಸಿ ಹೆಚ್ಚು. ತೇವಾಂಶ ಶೇ 14ಕ್ಕೆ ಇಳಿಯದಿದ್ದರೆ ಅಡತಿ ಅಂಗಡಿಯಲ್ಲಿ ದರ ಕಡಿಯುತ್ತಾರೆ. ಕಾಲಿನಿಂದ ಸಾಲು ಎಳೆಯುತ್ತ ಕಾಳು ಒಣಗಿಸುತ್ತಿದ್ದ ಹಿರಿಯರೊಬ್ಬರು ನನ್ನನ್ನು ಕೇಳಿದ ಪ್ರಶ್ನೆ ಇದು: "ಅಲ್ರೀ ಸರ, ಹಡಗ ಬರೂದು ಮದರಾಸಿಗೆ ಅಂತಾರ. ಇಲ್ಲಿ ನಮ್ಮ ಗೊಂಜಾಳದ ರೇಟ ಯಾಕ ಬೀಳ್ತೈತ್ರೀ?"

ನೇರವಾದ ಪ್ರಶ್ನೆ. ಉತ್ತರ ಅಷ್ಟು ನೇರವಾಗಿಲ್ಲ.

ಮೊದಲು ಹಡಗಿನ ಲೆಕ್ಕ ನೋಡೋಣ. ಭಾರತ ಬಹಳ ಕಾಲ ಗೋವಿನಜೋಳ ಮಾರುವ ದೇಶವಾಗಿತ್ತು, ಕೊಳ್ಳುವ ದೇಶವಲ್ಲ. ಉಕ್ರೇನ್ ಯುದ್ಧದಿಂದ ಲೋಕದ ಮಾರುಕಟ್ಟೆಯಲ್ಲಿ ಕಾಳಿನ ದರ ಏರಿದ್ದ 2022-23ರಲ್ಲಿ ನಮ್ಮಿಂದ ಸುಮಾರು 34 ಲಕ್ಷ ಟನ್ ಹೊರಗೆ ಹೋಯಿತು. ಬಾಂಗ್ಲಾದೇಶ, ವಿಯೆಟ್ನಾಂ, ನೇಪಾಳ, ಮಲೇಷ್ಯಾದ ಕೋಳಿಗಳು ನಮ್ಮ ಕಾಳು ತಿಂದವು. ಮರುವರ್ಷ ರಫ್ತು ಅರ್ಧಕ್ಕಿಂತ ಕೆಳಗಿಳಿಯಿತು. 2023-24ರಲ್ಲಿ ಆಮದು ಒಂದೂವರೆ ಲಕ್ಷ ಟನ್ನಿಗೂ ಕಡಿಮೆ ಇತ್ತು. 2024-25ರಲ್ಲಿ ಅದು ಸುಮಾರು 10 ಲಕ್ಷ ಟನ್ನಿಗೆ ಜಿಗಿಯಿತು. ಅದರಲ್ಲಿ ಅರ್ಧಕ್ಕಿಂತ ಹೆಚ್ಚು ಮ್ಯಾನ್ಮಾರಿನದು, ಉಳಿದದ್ದರಲ್ಲಿ ಬಹುಪಾಲು ಉಕ್ರೇನಿನದು. ಎರಡೇ ವರ್ಷದಲ್ಲಿ ಮಾರುವವ ಕೊಳ್ಳುವವನಾದ.

ಹಾಗಂತ 10 ಲಕ್ಷ ಟನ್ ದೊಡ್ಡ ಮೊತ್ತವೇ? ಅದೇ 2024-25ರಲ್ಲಿ ದೇಶದ ಉತ್ಪನ್ನ ಸುಮಾರು 434 ಲಕ್ಷ ಟನ್. ಅಂದರೆ ನಾವು ಬೆಳೆದ ಪ್ರತಿ ನೂರು ಚೀಲಕ್ಕೆ ಹೊರಗಿನಿಂದ ಬಂದದ್ದು ಎರಡು ಚೀಲ ಚಿಲ್ಲರೆ. ಜಪಾನ್ ವರ್ಷಕ್ಕೆ 150 ಲಕ್ಷ ಟನ್ನಿನಷ್ಟು ತರಿಸುತ್ತದೆ. ಅಲ್ಲಿನ ದನ, ಕೋಳಿ, ಹಂದಿಗಳ ಹೊಟ್ಟೆ ತುಂಬುವುದೇ ಹಡಗಿನಿಂದ. ಚೀನಾ 2019ರಲ್ಲಿ 50 ಲಕ್ಷ ಟನ್ನಿಗಿಂತ ಕಡಿಮೆ ತರಿಸುತ್ತಿದ್ದದ್ದು, 2021ರಲ್ಲಿ 280 ಲಕ್ಷ ಟನ್ ದಾಟಿತು. ಅವುಗಳ ಮುಂದೆ ನಮ್ಮದು ಮುಷ್ಟಿಕಾಳು. ಹಡಗು ಬಂದದ್ದರಿಂದಲೇ ದರ ಬಿತ್ತು ಎಂದು ಸಭೆಗಳಲ್ಲಿ ಹೇಳುವವರು ಈ ಎರಡು ಚೀಲದ ಲೆಕ್ಕವನ್ನು ಬಿಟ್ಟು ಮಾತಾಡುತ್ತಾರೆ. ಎರಡೇ ಚೀಲ ತಾನೆ, ಏನೂ ಆಗುವುದಿಲ್ಲ ಎಂದು ದೆಹಲಿಯಲ್ಲಿ ಹೇಳುವವರು ಇನ್ನೊಂದು ಸಂಗತಿಯನ್ನು ಬಿಡುತ್ತಾರೆ. ಆಮದಿನ ಶಕ್ತಿ ಅದರ ತೂಕದಲ್ಲಿಲ್ಲ. ಬೇಕೆಂದಾಗ ಬರಬಹುದು ಎಂಬುದರಲ್ಲಿದೆ.

ಇದು ಅರ್ಥವಾಗಬೇಕಾದರೆ ಸುಂಕದ ಕೀಲಿ ನೋಡಬೇಕು. ಹೊರಗಿನ ಗೋವಿನಜೋಳಕ್ಕೆ ಸಾಮಾನ್ಯ ಆಮದು ಸುಂಕ ಶೇ 50. ಇದು ಎತ್ತರದ ಗೋಡೆ. ಇದನ್ನು ದಾಟಿ ಕಾಳು ತರುವುದು ಯಾರಿಗೂ ಗಿಟ್ಟುವುದಿಲ್ಲ. ಆದರೆ ಆ ಗೋಡೆಯಲ್ಲಿ ಎರಡು ಬಾಗಿಲುಗಳಿವೆ. ಒಂದು, ವರ್ಷಕ್ಕೆ 5 ಲಕ್ಷ ಟನ್ನಿನವರೆಗೆ ಶೇ 15ರ ಸುಂಕದಲ್ಲಿ ತರುವ ಕೋಟಾ. ಇದಕ್ಕೆ ಹಳೆಯ ಬೇರಿದೆ. ವಿಶ್ವ ವ್ಯಾಪಾರ ಒಪ್ಪಂದದಲ್ಲಿ ಕೆಲವು ಸರಕುಗಳ ಸುಂಕ ಏರಿಸುವ ಹಕ್ಕನ್ನು ಭಾರತ ಮೊದಲು ಬಿಟ್ಟುಕೊಟ್ಟಿತ್ತು. 2000ದ ಆಸುಪಾಸಿನಲ್ಲಿ ಮತ್ತೆ ಮಾತುಕತೆ ನಡೆಸಿ ಆ ಹಕ್ಕನ್ನು ಮರಳಿ ಪಡೆಯುವಾಗ, ಬದಲಿಗೆ ಗೋವಿನಜೋಳ, ಹಾಲಿನ ಪುಡಿ, ಸೂರ್ಯಕಾಂತಿ ಎಣ್ಣೆ, ಸಾಸಿವೆ ಜಾತಿಯ ರೇಪ್‌ಸೀಡ್ ಎಣ್ಣೆಗೆ ಸಣ್ಣ ಕೋಟಾ ಒಪ್ಪಿಕೊಂಡಿತು. 2024ರ ಜೂನ್‌ನಲ್ಲಿ ಕೇಂದ್ರ ಸರ್ಕಾರ ತೆರೆದದ್ದು ಇದೇ ಬಾಗಿಲನ್ನು, ಇದೇ ನಾಲ್ಕು ಸರಕುಗಳಿಗೆ. ಎರಡನೆಯ ಬಾಗಿಲು ಮ್ಯಾನ್ಮಾರಿನದು. ಅತಿ ಹಿಂದುಳಿದ ದೇಶಗಳಿಗೆ ಭಾರತ ಕೊಟ್ಟಿರುವ ರಿಯಾಯಿತಿಯಡಿ ಅಲ್ಲಿನ ಗೋವಿನಜೋಳಕ್ಕೆ ಸುಂಕವೇ ಇಲ್ಲ.

ಲೆಕ್ಕಕ್ಕಾಗಿ ಒಂದು ಮಾತು. ಬಂದರಿಗೆ ಮುಟ್ಟುವ ಹೊತ್ತಿಗೆ ಕ್ವಿಂಟಲ್ಲಿಗೆ 2,000 ರೂಪಾಯಿ ಬಿತ್ತು ಎಂದಿಟ್ಟುಕೊಳ್ಳಿ. ಶೇ 50 ಸುಂಕ ಸೇರಿದರೆ 3,000. ಶೇ 15 ಸೇರಿದರೆ 2,300. ಮ್ಯಾನ್ಮಾರಿನದಾದರೆ 2,000ವೇ. 2025-26ರ ಬೆಂಬಲ ಬೆಲೆ 2,400 ರೂಪಾಯಿ. ಅಂದರೆ ಬಾಗಿಲು ತೆರೆದಾಗ, ಸರ್ಕಾರವೇ ನ್ಯಾಯದ ದರ ಎಂದು ಹೇಳಿದ್ದಕ್ಕಿಂತ ಕೆಳಗೆ ಹೊರಗಿನ ಕಾಳು ಬಂದು ನಿಲ್ಲುವ ಸಾಧ್ಯತೆ ಹುಟ್ಟುತ್ತದೆ. ತಮಿಳುನಾಡಿನ ನಾಮಕ್ಕಲ್ಲಿನ ಕೋಳಿ ಆಹಾರದ ಗಿರಣಿಯವನು ಆ ಹಡಗಿನ ಮಾಲು ಕೊಳ್ಳಬೇಕೆಂದೇನಿಲ್ಲ. ಫೋನಿನಲ್ಲಿ "ಅಲ್ಲಿ ಇಷ್ಟಕ್ಕೆ ಸಿಗುತ್ತದೆ" ಎಂದರೆ ಸಾಕು, ಕರ್ನಾಟಕದ ವ್ಯಾಪಾರಿ ತನ್ನ ದರ ಇಳಿಸುತ್ತಾನೆ; ಮರುದಿನ ಬೆಳಿಗ್ಗೆ ಗೋಕಾಕದ ಸವಾಲಿನಲ್ಲಿ ಆ ಇಳಿತ ಕೇಳಿಸುತ್ತದೆ. ಆಮದು ದರದ ಮೇಲಿನ ಮುಚ್ಚಳ. ಪಾತ್ರೆಯೊಳಗಿನ ನೀರು ಎಷ್ಟೇ ಕುದಿದರೂ ಅದರಾಚೆ ಏರದು.

ಮ್ಯಾನ್ಮಾರ್ ಮತ್ತು ಉಕ್ರೇನೇ ಏಕೆ? ಲೋಕದಲ್ಲಿ ಹೆಚ್ಚು ಗೋವಿನಜೋಳ ಮಾರುವವರು ಅಮೆರಿಕ, ಬ್ರೆಜಿಲ್, ಅರ್ಜೆಂಟೀನಾ. ಈ ಮೂವರ ಬೆಳೆಯೂ ಹೆಚ್ಚೂಕಡಿಮೆ ಕುಲಾಂತರಿ. ಭಾರತದಲ್ಲಿ ವಾಣಿಜ್ಯವಾಗಿ ಬೆಳೆಯಲು ಒಪ್ಪಿಗೆ ಪಡೆದಿರುವ ಕುಲಾಂತರಿ ಬೆಳೆ ಹತ್ತಿ ಒಂದೇ. ಕುಲಾಂತರಿ ಗೋವಿನಜೋಳವನ್ನು ಒಳಗೆ ಬಿಟ್ಟುಕೊಳ್ಳುವುದಿಲ್ಲ. ಹೀಗಾಗಿ ಉಳಿಯುವವರು ಕೆಲವರೇ. ಅಮೆರಿಕಕ್ಕೆ ಇದು ಸಿಟ್ಟು ತರಿಸಿರುವ ವಿಷಯ. 140 ಕೋಟಿ ಜನರಿರುವ ದೇಶ ನಮ್ಮ ಗೋವಿನಜೋಳದ ಒಂದು ಬುಟ್ಟಿಯನ್ನೂ ಏಕೆ ಕೊಳ್ಳುವುದಿಲ್ಲ ಎಂಬರ್ಥದ ಮಾತನ್ನು ಅಲ್ಲಿನ ವಾಣಿಜ್ಯ ಸಚಿವ ಹೊವರ್ಡ್ ಲುಟ್ನಿಕ್ 2025ರ ಸೆಪ್ಟೆಂಬರ್‌ನಲ್ಲಿ ಬಹಿರಂಗವಾಗಿ ಆಡಿದರು. 2026ರ ಫೆಬ್ರುವರಿಯಲ್ಲಿ ಎರಡೂ ದೇಶಗಳು ಹೊರಡಿಸಿದ ಜಂಟಿ ಹೇಳಿಕೆಯಲ್ಲಿ ಭಾರತ ಸುಂಕ ಇಳಿಸುವ ಸರಕುಗಳ ಸಾಲಿನಲ್ಲಿ ಪಶು ಆಹಾರದ ಕೆಂಪು ಜೋಳ ಮತ್ತು ಎಥೆನಾಲ್ ತೆಗೆದ ಮೇಲೆ ಉಳಿಯುವ ಒಣ ಹಿಂಡಿಯ ಹೆಸರು ಬಂತು. ಗೋವಿನಜೋಳದ ಹೆಸರು ಅಲ್ಲಿ ಇರಲಿಲ್ಲ. ಆದರೆ ಕೋಳಿಗೆ ಕಾಳಿನ ಹೆಸರು ಗೊತ್ತಾಗುವುದಿಲ್ಲ. ಅದರ ಬುಟ್ಟಿಗೆ ಯಾವುದು ಅಗ್ಗವೋ ಅದು ಬೀಳುತ್ತದೆ. ಈ ಹಿಂದೆ, 2021ರ ಆಗಸ್ಟ್‌ನಲ್ಲಿ, ಕೋಳಿ ಆಹಾರದ ದರ ಏರಿದಾಗ 12 ಲಕ್ಷ ಟನ್ ಕುಲಾಂತರಿ ಸೋಯಾ ಹಿಂಡಿ ತರಲು ಕೇಂದ್ರ ಒಪ್ಪಿದ್ದುಂಟು. ಬಾಗಿಲು ತೆರೆಯುವುದಿಲ್ಲ ಎಂಬ ಭರವಸೆಯನ್ನು ರೈತ ಅನುಮಾನದಿಂದ ನೋಡಲು ಕಾರಣಗಳಿವೆ.

ಇನ್ನು ಬೇಡಿಕೆಯ ಕಡೆ. ಗೋಕಾಕದ ಸುತ್ತ ಗೋವಿನಜೋಳಕ್ಕೆ ಮೂವರು ಗಿರಾಕಿಗಳು. ಕೋಳಿ ಮತ್ತು ದನದ ಆಹಾರದ ಗಿರಣಿ ಮೊದಲನೆಯದು. ದೇಶದ ಗೋವಿನಜೋಳದಲ್ಲಿ ಅರ್ಧಕ್ಕೂ ಹೆಚ್ಚು ಹೋಗುವುದು ಇವರಿಗೆ. ಮೊಟ್ಟೆಯ ಕೋಳಿ ದಿನಕ್ಕೆ ಸುಮಾರು 110 ಗ್ರಾಂ ಆಹಾರ ತಿನ್ನುತ್ತದೆ, ಅದರಲ್ಲಿ ಅರ್ಧಕ್ಕಿಂತ ಮೇಲೆ ಈ ಕಾಳೇ. ಲೆಕ್ಕ ಹಾಕಿದರೆ ಒಂದು ಕೋಳಿ ವರ್ಷಕ್ಕೆ 20 ಕಿಲೊಗೂ ಹೆಚ್ಚು ಗೋವಿನಜೋಳ ತಿಂದು 300ರಷ್ಟು ಮೊಟ್ಟೆ ಕೊಡುತ್ತದೆ. ಎರಡನೆಯ ಗಿರಾಕಿ ಸ್ಟಾರ್ಚ್ ಕಾರ್ಖಾನೆ. ಗೋಕಾಕದಲ್ಲೇ ಅಂಥದ್ದೊಂದಿದೆ. ರಿದ್ಧಿ ಸಿದ್ಧಿ ಕಂಪನಿ ನಡೆಸುತ್ತಿದ್ದ ಆ ಕಾರ್ಖಾನೆ ಆಮೇಲೆ ಫ್ರಾನ್ಸಿನ ರೊಕೆಟ್ ಕಂಪನಿಗೆ ಸೇರಿತು. ಕರದಂಟಿನ ಊರಿನ ಕಾಳು ಹೀಗೆ ಔಷಧಿಯ ಗುಳಿಗೆ, ಕಾಗದ, ಬಟ್ಟೆ, ಬಿಸ್ಕತ್ತುಗಳೊಳಗೆ ಸೇರುತ್ತದೆ.

ಮೂರನೆಯ ಗಿರಾಕಿ ಹೊಸಬ, ಹಸಿವು ದೊಡ್ಡದು. ಅದು ಎಥೆನಾಲ್. ಪೆಟ್ರೋಲಿಗೆ ಶೇ 20 ಎಥೆನಾಲ್ ಬೆರೆಸುವ ಗುರಿಯನ್ನು ದೇಶ 2025ರಲ್ಲಿ ಮುಟ್ಟಿತು. ಇದರ ಹಿಂದೆ ಗೋವಿನಜೋಳದ ಪಾಲು ಎಷ್ಟು ವೇಗವಾಗಿ ಬೆಳೆಯಿತೆಂದರೆ, 2022-23ರ ಪೂರೈಕೆ ವರ್ಷದಲ್ಲಿ ಗೋವಿನಜೋಳದಿಂದ ಬಂದ ಎಥೆನಾಲ್ ಸುಮಾರು 31 ಕೋಟಿ ಲೀಟರ್. ಮರುವರ್ಷ 286 ಕೋಟಿ ಲೀಟರ್. ಒಂದು ಟನ್ ಕಾಳಿಗೆ 380 ಲೀಟರ್ ಎಂದು ಹಿಡಿದರೆ, ಒಂದೇ ವರ್ಷದಲ್ಲಿ 8 ಲಕ್ಷ ಟನ್ನಿನ ಬಳಕೆ 75 ಲಕ್ಷ ಟನ್ನಿಗೆ ಹಾರಿತು. 2023ರ ಡಿಸೆಂಬರ್‌ನಲ್ಲಿ ಸಕ್ಕರೆ ಕೊರತೆಯ ಭಯದಿಂದ ಕಬ್ಬಿನ ರಸದ ಎಥೆನಾಲಿಗೆ ಕೇಂದ್ರ ತಡೆ ಹಾಕಿದ್ದು ಈ ನೆಗೆತಕ್ಕೆ ಕಾರಣ. ಎಣ್ಣೆ ಕಂಪನಿಗಳು ಗೋವಿನಜೋಳದ ಎಥೆನಾಲಿಗೆ ಲೀಟರಿಗೆ 71.86 ರೂಪಾಯಿ ಕೊಟ್ಟವು, ಬೇರೆ ಯಾವ ಮೂಲಕ್ಕೂ ಇಲ್ಲದ ದರ. ನಮ್ಮ ದೇಶ ಆಮದು ಮಾಡುವ ದೇಶವಾದದ್ದು ಇಲ್ಲಿ. ಕೋಳಿಯ ಬುಟ್ಟಿಯಲ್ಲಿದ್ದ ಕಾಳು ಪೆಟ್ರೋಲ್ ಟ್ಯಾಂಕಿಗೆ ಹೋಯಿತು; ಬುಟ್ಟಿ ತುಂಬಲು ಹಡಗು ಬಂತು.

ಆ ಎರಡು ವರ್ಷ ರೈತನಿಗೆ ಒಳ್ಳೆಯವು. ದರ ಬೆಂಬಲ ಬೆಲೆಯ ಮೇಲೆಯೇ ನಿಂತಿತ್ತು. ಹಿಡಕಲ್ ಜಲಾಶಯದ ನೀರು ಕಾಲುವೆಗೆ ಬಂದರೆ ಮುಂಗಾರಿಯಷ್ಟೇ ಅಲ್ಲ, ಹಿಂಗಾರಿ, ಬೇಸಿಗೆಯಲ್ಲೂ ಗೊಂಜಾಳ ಬಿತ್ತುವ ಸೀಮೆ ಇದು. ಕಬ್ಬು ಹಾಕಿದರೆ ವರ್ಷ ಕಾಯಬೇಕು, ಕಡಿಯುವ ಗ್ಯಾಂಗಿಗೆ ಕಾಯಬೇಕು, ಬಿಲ್ಲಿಗೆ ಕಾಯಬೇಕು. ಗೊಂಜಾಳ ನಾಲ್ಕು ತಿಂಗಳೊಳಗೆ ಕೈಗೆ ಬರುತ್ತದೆ, ಆಳು ಕಡಿಮೆ ಸಾಕು, ನೀರಾವರಿಯಲ್ಲಿ ಎಕರೆಗೆ 25 ಕ್ವಿಂಟಲ್ ದಾಟುವುದುಂಟು. ಘಟಪ್ರಭಾ ಬಳಿಯ ಅರಭಾವಿಯ ಕೃಷಿ ಸಂಶೋಧನಾ ಕೇಂದ್ರದಲ್ಲಿ ಈ ಬೆಳೆಯ ಮೇಲೆ ಬಹಳ ಕಾಲದಿಂದ ಕೆಲಸ ನಡೆದಿದೆ. ಬಿತ್ತುವ ಕಲೆ ಇಲ್ಲಿಯ ರೈತನಿಗೆ ಹೊಸದಲ್ಲ. ದರ ಕಂಡು ಎಲ್ಲರೂ ಬಿತ್ತಿದರು. 2025ರಲ್ಲಿ ಕರ್ನಾಟಕದಲ್ಲಿ ಸುಮಾರು 18 ಲಕ್ಷ ಹೆಕ್ಟೇರಿನಲ್ಲಿ ಗೋವಿನಜೋಳ ನಿಂತಿತ್ತು, 54 ಲಕ್ಷ ಟನ್ನಿನಷ್ಟು ಕಾಳು ಬರುವ ಅಂದಾಜು ರಾಜ್ಯ ಸರ್ಕಾರದ್ದು.

ಅಷ್ಟರಲ್ಲಿ ಅತ್ತ ಟ್ಯಾಂಕಿನ ಲೆಕ್ಕ ಬದಲಾಗಿತ್ತು. ಆಹಾರ ನಿಗಮದ ಉಗ್ರಾಣಗಳಲ್ಲಿ ಅಕ್ಕಿ ತುಂಬಿ ತುಳುಕುತ್ತಿತ್ತು. ಅದನ್ನು ಕಿಲೊಗೆ 22.50 ರೂಪಾಯಿಯಂತೆ ಎಥೆನಾಲ್ ಘಟಕಗಳಿಗೆ ಕೊಡಲು 2025ರ ಜನವರಿಯಲ್ಲಿ ಕೇಂದ್ರ ತೀರ್ಮಾನಿಸಿತು. ಮುಂದೆ ಆ ಅಕ್ಕಿಯ ಪಾಲು 52 ಲಕ್ಷ ಟನ್ನಿಗೆ ಏರಿತು. ಗೋವಿನಜೋಳ ಕೊಳ್ಳಲು ಸಾಲು ನಿಂತಿದ್ದ ಘಟಕಗಳು ಒಂದು ಹೆಜ್ಜೆ ಹಿಂದೆ ಸರಿದವು. ಇನ್ನೊಂದು ಪೆಟ್ಟು ಹಿಂಡಿಯದು. ಒಂದು ಟನ್ ಕಾಳಿನಿಂದ ಎಥೆನಾಲ್ ತೆಗೆದ ಮೇಲೆ ಸುಮಾರು 300 ಕಿಲೊ ಒಣ ಹಿಂಡಿ ಉಳಿಯುತ್ತದೆ. ಪ್ರೋಟೀನ್ ಇರುವ ಆ ಹಿಂಡಿ ಪಶು ಆಹಾರಕ್ಕೆ ಅಗ್ಗದಲ್ಲಿ ಬಂದು, ಸೋಯಾ ಹಿಂಡಿಯ ದರವನ್ನೂ ಬೀಳಿಸಿತು. ಗೊಂಜಾಳದ ಪಕ್ಕದ ಪಟ್ಟಿಯಲ್ಲಿ ಸೋಯಾ ಬಿತ್ತಿದ ಬೆಳಗಾವಿಯ ರೈತನಿಗೆ ಎರಡೂ ಕಡೆಯಿಂದ ಏಟು.

2025ರ ನವೆಂಬರ್ ಮೊದಲ ವಾರ ಮೂಡಲಗಿ ತಾಲ್ಲೂಕಿನ ಗುರ್ಲಾಪುರ ಕ್ರಾಸ್ ರಾಜ್ಯದ ಕಣ್ಣು ಸೆಳೆಯಿತು. ಕಬ್ಬಿಗೆ ಟನ್ನಿಗೆ 3,500 ರೂಪಾಯಿ ಕೊಡಿ ಎಂದು ರೈತರು ರಸ್ತೆಯಲ್ಲೇ ಹಗಲುರಾತ್ರಿ ಕೂತರು. ನವೆಂಬರ್ 7ರಂದು ಹುಕ್ಕೇರಿ ತಾಲ್ಲೂಕಿನ ಹತ್ತರಗಿ ಟೋಲ್ ನಾಕೆಯ ಬಳಿ ಕಲ್ಲು ತೂರಾಟವಾಯಿತು, ಪೊಲೀಸರಿಗೂ ಗಾಯಗಳಾದವು. ಅದೇ ದಿನ ಬೆಂಗಳೂರಿನಲ್ಲಿ ಸರ್ಕಾರದ ಪಾಲಿನ 50 ರೂಪಾಯಿ ಸೇರಿ 3,300ಕ್ಕೆ ಒಪ್ಪಂದವಾಯಿತು. ಆ ಹೋರಾಟ ಕಬ್ಬಿನದು, ನಿಜ. ಆದರೆ ಅಲ್ಲಿ ಕೂತವರಲ್ಲಿ ಬಹಳ ಮಂದಿಯ ಮನೆಯ ಮುಂದೆ ತಾಡಪತ್ರಿಯ ಕೆಳಗೆ ಗೊಂಜಾಳವೂ ಇದ್ದಿತು. ಒಂದೇ ಹೊಲದ ಎರಡು ಪೀಕುಗಳು ಒಂದೇ ಎಥೆನಾಲ್ ಕೋಟಾಕ್ಕಾಗಿ ಎದುರುಬದುರಾಗಿವೆ ಎಂಬುದನ್ನು ಅಲ್ಲಿ ಯಾರೂ ಮೈಕಿನಲ್ಲಿ ಹೇಳಿದಂತೆ ನನಗೆ ನೆನಪಿಲ್ಲ. ಹೇಳಬೇಕಿತ್ತು. ಕಬ್ಬಿನ ಎಥೆನಾಲಿಗೆ ಹೆಚ್ಚು ಪಾಲು ಸಿಕ್ಕರೆ ಗೊಂಜಾಳಕ್ಕೆ ಕಡಿಮೆ. ಗೊಂಜಾಳಕ್ಕೆ ಹೆಚ್ಚಾದರೆ ಕಬ್ಬಿಗೆ ಕಡಿಮೆ. ಅಕ್ಕಿ ಬಂದರೆ ಎರಡಕ್ಕೂ ಕಡಿಮೆ. ವರ್ಷಕ್ಕೆ ಸುಮಾರು 270 ಕೋಟಿ ಲೀಟರ್ ತಯಾರಿಸಬಲ್ಲ ರಾಜ್ಯದ ಘಟಕಗಳಿಗೆ 47 ಕೋಟಿ ಲೀಟರ್ ಮಾತ್ರ ಹಂಚಲಾಗಿದೆ ಎಂದು ರಾಜ್ಯ ಸರ್ಕಾರ ಆಗ ದೂರಿತು.

ಅದೇ ತಿಂಗಳು ಮುಖ್ಯಮಂತ್ರಿ ಸಿದ್ದರಾಮಯ್ಯ ಪ್ರಧಾನಿಗೆ ಪತ್ರ ಬರೆದರು. ಬೆಂಬಲ ಬೆಲೆ 2,400 ಇದ್ದರೂ ಮಾರುಕಟ್ಟೆಯಲ್ಲಿ ಗೋವಿನಜೋಳ 1,600ರಿಂದ 1,800ಕ್ಕೆ ಬಿದ್ದಿದೆ, ಕೇಂದ್ರದ ಸಂಸ್ಥೆಗಳು ಖರೀದಿಸಲಿ, ಆಮದು ನಿಲ್ಲಲಿ ಎಂಬುದು ಬೇಡಿಕೆ. ದರ ಅಷ್ಟು ಬಿದ್ದ ಮೇಲೆ ಹೊರಗಿನಿಂದ ತರುವುದು ವ್ಯಾಪಾರಿಗೂ ಲಾಭವಲ್ಲ. ಹಡಗು ತಾನಾಗಿಯೇ ನಿಲ್ಲುತ್ತದೆ. ಆದ್ದರಿಂದ ಆ ನವೆಂಬರಿನ ಕುಸಿತಕ್ಕೆ ಆಮದೊಂದೇ ಕಾರಣ ಎನ್ನಲು ನಾನು ಒಪ್ಪುವುದಿಲ್ಲ. ಹೆಚ್ಚು ಬಿತ್ತನೆ, ಒಳ್ಳೆಯ ಮಳೆ, ಅಕ್ಕಿಯತ್ತ ಹೊರಳಿದ ಘಟಕಗಳು ಅದಕ್ಕಿಂತ ದೊಡ್ಡ ಕಾರಣಗಳು. ಆದರೆ ದರ ಏರುತ್ತಿದ್ದಾಗ ಮುಚ್ಚಳ ಹಾಕಲು ಸರ್ಕಾರಕ್ಕೆ ಒಂದು ಅಧಿಸೂಚನೆ ಸಾಕಾಯಿತು. ದರ ಬೀಳುತ್ತಿದ್ದಾಗ ತಳ ಕೊಡಲು ಏನೂ ಸಿದ್ಧವಿರಲಿಲ್ಲ. ಬೆಂಬಲ ಬೆಲೆ ಘೋಷಣೆಯಾಗಿತ್ತು, ಖರೀದಿ ಕೇಂದ್ರವಿರಲಿಲ್ಲ. ಭತ್ತ, ಗೋಧಿಗೆ ಇರುವ ತಳ ಗೊಂಜಾಳಕ್ಕೆ ಇಲ್ಲ. ಆಮೇಲೆ ರಾಜ್ಯ ಸರ್ಕಾರ ಎಥೆನಾಲ್ ಘಟಕಗಳಿಗೂ ಹಾಲು ಮಹಾಮಂಡಳಕ್ಕೂ ಕೊಳ್ಳಲು ಸೂಚಿಸಿತು. ಅಷ್ಟರಲ್ಲಿ ಸಾಲದ ಕಂತು ಇದ್ದವರು ಮಾರಿ ಮುಗಿಸಿದ್ದರು.

ಇದು ಒಂದು ವರ್ಷದ ಕಥೆಯಲ್ಲ. 2015ರ ಬರದ ನಂತರ 5 ಲಕ್ಷ ಟನ್ನಿನವರೆಗೆ ಸುಂಕವಿಲ್ಲದೆ ತರಲು ಒಪ್ಪಿಗೆ ಸಿಕ್ಕಿತು. 2018ರಲ್ಲಿ ಫಾಲ್ ಸೈನಿಕ ಹುಳು ಭಾರತದಲ್ಲಿ ಮೊದಲು ಕಾಣಿಸಿಕೊಂಡದ್ದು ನಮ್ಮ ಕರ್ನಾಟಕದ ಗೋವಿನಜೋಳದಲ್ಲೇ. ಅದರ ಜೊತೆ ಬರವೂ ಸೇರಿ, 2019ರಲ್ಲಿ ಮತ್ತೆ ಕೋಟಾ ತೆರೆಯಿತು. 2020ರದಂತೂ ನೆನೆದರೆ ಸಂಕಟವಾಗುತ್ತದೆ. ಕೊರೊನಾ ಶುರುವಾದಾಗ ಕೋಳಿ ತಿಂದರೆ ರೋಗ ಬರುತ್ತದೆಂಬ ಸುಳ್ಳು ಸುದ್ದಿಗೆ ಕೋಳಿ ಸಾಕಣೆ ನೆಲ ಕಚ್ಚಿತು, ಗೋವಿನಜೋಳದ ದರ ಬೆಂಬಲ ಬೆಲೆಗಿಂತ ಬಹಳ ಕೆಳಗೆ ಹೋಯಿತು. ಮೇ ತಿಂಗಳಲ್ಲಿ ರಾಜ್ಯ ಸರ್ಕಾರ ಗೋವಿನಜೋಳದ ರೈತರಿಗೆ ತಲಾ 5,000 ರೂಪಾಯಿ ನೆರವು ಘೋಷಿಸಿತು. ಜೂನ್‌ನಲ್ಲಿ ಕೇಂದ್ರ ಸರ್ಕಾರ 5 ಲಕ್ಷ ಟನ್ ಆಮದಿನ ಕೋಟಾದ ಅಧಿಸೂಚನೆ ಹೊರಡಿಸಿತು. ಒಂದು ಕೈ ನೆರವು ಘೋಷಿಸಿದ ಮರುತಿಂಗಳಲ್ಲೇ ಇನ್ನೊಂದು ಕೈ ಬಾಗಿಲು ತೆರೆದಿತ್ತು. ಆಗಷ್ಟೇ ಮುಂಗಾರಿ ಬಿತ್ತನೆ ನಡೆದಿತ್ತು.

ಕೋಳಿ ಸಾಕುವವರ ಮಾತನ್ನೂ ಕೇಳಬೇಕು, ಅವರೂ ರೈತರೇ. ಕೋಳಿ ಸಾಕಣೆಯ ಖರ್ಚಿನಲ್ಲಿ ಮೂರರಲ್ಲಿ ಎರಡು ಪಾಲು ಆಹಾರದ್ದು. ಕಾಳಿನ ದರ ಎರಡು ತಿಂಗಳಲ್ಲಿ 500 ರೂಪಾಯಿ ಏರಿದರೆ ಐದು ಸಾವಿರ ಕೋಳಿಯ ಸಣ್ಣ ಶೆಡ್ಡಿನವನು ಮುಚ್ಚಿಕೊಂಡು ಹೋಗುತ್ತಾನೆ. ಶಾಲೆಯ ಮಕ್ಕಳ ಮೊಟ್ಟೆಯ ದರವೂ ಇದರ ಮೇಲೆಯೇ ನಿಂತಿದೆ. ಆಮದು ಬೇಡವೇ ಬೇಡ ಎನ್ನುವುದು ನನ್ನ ವಾದವಲ್ಲ. ಬರ ಬಿದ್ದ ವರ್ಷ ಹಡಗು ಬರಲಿ. ಯಾವ ತಿಂಗಳಲ್ಲಿ ಬರಬೇಕು ಎಂಬುದರಲ್ಲಿ ಇಡೀ ಪ್ರಶ್ನೆ ಇದೆ.

ಇದಕ್ಕೆ ಮಾದರಿ ದೂರವಿಲ್ಲ. ಅದೇ ಮ್ಯಾನ್ಮಾರಿನ ಗೋವಿನಜೋಳವನ್ನು ಥಾಯ್ಲೆಂಡ್ ಕೂಡ ಸುಂಕವಿಲ್ಲದೆ ಕೊಳ್ಳುತ್ತದೆ, ಆದರೆ ಫೆಬ್ರುವರಿ 1ರಿಂದ ಆಗಸ್ಟ್ 31ರವರೆಗೆ ಮಾತ್ರ. ಸೆಪ್ಟೆಂಬರ್‌ನಿಂದ ತನ್ನ ರೈತರ ರಾಶಿ ಶುರು, ಆ ತಿಂಗಳುಗಳಲ್ಲಿ ಬಾಗಿಲು ಹಾಕಿಕೊಳ್ಳುತ್ತದೆ. ನಮ್ಮ ಬಾಗಿಲಿಗೆ ಅಂಥ ತಿಂಗಳಿಲ್ಲ, ವರ್ಷವಿಡೀ ತೆರೆದಿರುತ್ತದೆ. ಮ್ಯಾನ್ಮಾರಿನ ಮಳೆಗಾಲದ ಬೆಳೆ ಕೈಗೆ ಬರುವುದೂ ದೀಪಾವಳಿಯ ಆಸುಪಾಸಿಗೇ. ಆಗ ಥಾಯ್ಲೆಂಡಿನ ದಾರಿ ಮುಚ್ಚಿರುತ್ತದೆ, ಭಾರತದ ದಾರಿ ತೆರೆದಿರುತ್ತದೆ, ಹತ್ತರಗಿಯ ರಸ್ತೆಯಲ್ಲಿ ನಮ್ಮ ಕಾಳು ಒಣಗುತ್ತಿರುತ್ತದೆ. ರಿಯಾಯಿತಿ ಸುಂಕದ ಮಾಲು ಅಕ್ಟೋಬರ್‌ನಿಂದ ಜನವರಿವರೆಗೆ ಬಂದರು ಮುಟ್ಟದಂತೆ ಮಾಡುವುದು, ಕೋಟಾ ತೆರೆಯುವುದಾದರೆ ಮುಂಗಾರಿ ಬಿತ್ತನೆಗೆ ಮೊದಲೇ ಹೇಳುವುದು, ಬೆಂಬಲ ಬೆಲೆ ಘೋಷಿಸಿದ ದಿನವೇ ಖರೀದಿ ಯಾರು ಮಾಡುತ್ತಾರೆಂದು ಬರೆದು ಕೊಡುವುದು, ಇವು ಹಣ ಸುರಿಯಬೇಕಾದ ಕೆಲಸಗಳಿಗಿಂತ ಮುಂಚೆ ಮನಸ್ಸು ಮಾಡಬೇಕಾದ ಕೆಲಸಗಳು. ಎಥೆನಾಲಿಗೆ ಅಕ್ಕಿ ಎಷ್ಟು, ಕಬ್ಬು ಎಷ್ಟು, ಗೋವಿನಜೋಳ ಎಷ್ಟು ಎಂಬ ಹಂಚಿಕೆಯೂ ಮೇ ತಿಂಗಳಲ್ಲೇ ತಿಳಿದರೆ, ಬೀಜದ ಚೀಲ ಕೊಳ್ಳುವ ಮುನ್ನ ಮೂಡಲಗಿಯ ರೈತ ಕೈಬೆರಳಲ್ಲಿ ಲೆಕ್ಕ ಹಾಕಿಕೊಳ್ಳಬಹುದು.

ಆ ಹಿರಿಯರಿಗೆ ನಾನು ಇದರಲ್ಲಿ ಅರ್ಧ ಮಾತ್ರ ಹೇಳಿದೆ. ಕಾಳು ಒಣಗಿಸುವ ಕೆಲಸ ನಿಲ್ಲಿಸದೆ ಕೇಳಿಸಿಕೊಂಡರು. "ಹಂಗಾದ್ರ ಈಗ ಮಾರೂದು ಬ್ಯಾಡ ಅಂತೀರೇನ್ರೀ?" ಎಂದರು. ಅದಕ್ಕೆ ನನ್ನ ಬಳಿ ಖಾತ್ರಿಯ ಉತ್ತರ ಇರಲಿಲ್ಲ. ಇಟ್ಟುಕೊಂಡರೆ ನುಸಿ ಬೀಳದಂತೆ ಕಾಯಬೇಕು, ಪರಸ್ಥಳದ ವ್ಯಾಪಾರಿ ಬರುವ ತನಕ ಸೊಸೈಟಿಯ ಬಡ್ಡಿ ಓಡುತ್ತದೆ. ಏಪ್ರಿಲ್ ಹೊತ್ತಿಗೆ ಬಿಹಾರದ ಹಿಂಗಾರಿ ಗೋವಿನಜೋಳ ಪೂರ್ಣಿಯಾದ ಗುಲಾಬ್‌ಬಾಗ್ ಮಾರುಕಟ್ಟೆಗೆ ಬಂದು ಬೀಳುತ್ತದೆ. ಅದಕ್ಕಿಂತ ಮುಂಚೆ, ಸಂಕ್ರಾಂತಿಯಿಂದ ಉಗಾದಿಯವರೆಗಿನ ಎರಡು ತಿಂಗಳು ದರ ಏರಿದರೆ ಏರೀತು. ಇಷ್ಟನ್ನು ಹೇಳಿದೆ. ಅವರು ತೆಕ್ಕೆಯಲ್ಲಿದ್ದ ಖಾಲಿ ಚೀಲಗಳನ್ನು ಎಣಿಸಿ, ಅರ್ಧ ಒಂದು ಕಡೆ, ಅರ್ಧ ಇನ್ನೊಂದು ಕಡೆ ಇಟ್ಟರು. ಒಂದು ಅರ್ಧ ನಾಳೆಯ ಸವಾಲಿಗೆ, ಇನ್ನೊಂದು ಅರ್ಧ ಪಡಸಾಲೆಯ ಮೂಲೆಗೆ.